ಕುರ್ಚಿ ಖಾಲಿ ಬಿಡದ ಊರು

ಆ ಊರಿನ ಹೆಸರು ಹೇಳುವುದರಿಂದ ಯಾರಿಗೂ ಲಾಭವಿಲ್ಲ, ಹಾಗಾಗಿ ಹೆಸರು ಬಿಟ್ಟುಬಿಡೋಣ. ಕಲ್ಲಿನ ಊರು. ಸುತ್ತ ಕೋಟೆಗೋಡೆ. ಒಳಗೆ ಐದು ಜಾಗ. ಐದು ಜಾಗಕ್ಕೂ ಒಂದೊಂದು ಮರದ ಕುರ್ಚಿ.

ಬಹಳ ಹಿಂದೆ ಅಲ್ಲೊಂದು ಯುದ್ಧವಾಗಿತ್ತು. ಗೆದ್ದವರು ಯಾರೆಂಬುದು ಊರಿನವರಿಗೇ ಮರೆತುಹೋಗಿದೆ. ಎರಡು ಚಳಿಗಾಲ ಮುತ್ತಿಗೆ ಹಾಕಿ ಕೂತಿದ್ದ ಸೈನ್ಯ ಕೊನೆಗೊಂದು ದಿನ ಒಳಗೆ ನುಗ್ಗಿ, ಮನೆಮನೆಯವರನ್ನೂ ಎಳೆದು ತಂದು ಕುರ್ಚಿಯಲ್ಲಿ ಕೂರಿಸಿ ಪ್ರಶ್ನೆ ಕೇಳಿತು ಎನ್ನುವುದಷ್ಟೇ ನೆನಪಿದೆ. ಉತ್ತರ ಕೊಟ್ಟವರೂ ಸತ್ತರು, ಕೊಡದವರೂ ಸತ್ತರು. ಉಳಿದ ನಾಲ್ಕು ಜನ ಸೇರಿ ಒಂದು ಕಟ್ಟುಪಾಡು ಮಾಡಿಕೊಂಡರು. ಇನ್ನು ಈ ಗೋಡೆಯೊಳಗೆ ಯಾರೂ ಯಾರನ್ನೂ ಏನನ್ನೂ ಕೇಳಬಾರದು. ಕೇಳಿದವರು ಆ ಜಾಗದ ಕುರ್ಚಿಯಲ್ಲಿ ಕೂರಬೇಕು. ಅದೇ ಜಾಗದಲ್ಲಿ ಇನ್ನೊಬ್ಬರು ಬಂದು ಕೇಳುವ ತನಕ ಕೂರಬೇಕು.

ಈಗ ಆ ಊರಿಗೆ ಬೇರೆ ಕಸುಬಿಲ್ಲ. ಯುದ್ಧ ನಡೆದ ಜಾಗಗಳನ್ನು ಬಂದವರಿಗೆ ತೋರಿಸುವುದೇ ಕಸುಬು. ಒಂದು ಸಲಕ್ಕೆ ಆರು ಜನ. ಏಳನೆಯವರನ್ನು ಬಿಡುವುದಿಲ್ಲ, ಐದೇ ಜನ ಇದ್ದರೆ ಬಾಗಿಲು ತೆಗೆಯುವುದಿಲ್ಲ.

ಕಂಬಳಿ ವ್ಯಾಪಾರಿಯೊಬ್ಬ ಹೆಂಡತಿಯನ್ನು ಕರೆದುಕೊಂಡು ಆ ಕಡೆ ಖರೀದಿಗೆ ಬಂದಿದ್ದ. ಬೆಳಿಗ್ಗೆಯೇ ಮಾಲು ಸಿಕ್ಕಿ ಮೂಟೆ ಕಟ್ಟಿಯಾಗಿತ್ತು. ಬಸ್ಸಿಗೆ ಇನ್ನೂ ನಾಲ್ಕು ಗಂಟೆ. ಕೋಟೆ ಬಾಗಿಲ ಮುಂದೆ ಬಿಳಿ ಕೊಡೆ ಹಿಡಿದವನೊಬ್ಬ ನಿಂತು, "ಇನ್ನಿಬ್ಬರು ಬೇಕು, ಇನ್ನಿಬ್ಬರು" ಎಂದು ಕೂಗುತ್ತಿದ್ದ.

"ನನಗೆ ಕಾಲು ನೋವು ರೀ. ಸತ್ತವರ ಜಾಗ ನೋಡಿ ನಮಗೇನಾಗಬೇಕಾಗಿದೆ?" ಎಂದಳು ಹೆಂಡತಿ.

"ಮೂಟೆ ಕಾಯ್ತಾ ಬಿಸಿಲಲ್ಲಿ ಕೂರೋದಕ್ಕಿಂತ ಕೋಟೆ ನೆರಳಲ್ಲಿ ಅಡ್ಡಾಡಿದ ಹಾಗಾಯ್ತು, ಬಾರೇ."

"ನೆರಳಿಗೆ ಇಲ್ಲಿ ಮರ ಇಲ್ವಾ?"

"ಮರದಡಿ ಕೂತರೆ ನೀನು ಹೋಗೋರು ಬರೋರನ್ನೆಲ್ಲ ಮಾತಾಡಿಸ್ತೀಯ. ಅವರ ಮನೆ ಕಥೆ ಮುಗಿಯೋ ಹೊತ್ತಿಗೆ ನಮ್ಮ ಬಸ್ಸು ಊರು ಸೇರಿರುತ್ತೆ."

ಅದು ಸುಳ್ಳಲ್ಲ. ಆ ಹೆಂಗಸು ಯಾರನ್ನೂ ಕೇಳದೆ ಬಿಟ್ಟವಳಲ್ಲ. ಅಂಗಡಿಗೆ ಬಂದ ಗಿರಾಕಿಗೆ ಮೊದಲು ಊಟ ಆಯ್ತಾ, ಆಮೇಲೆ ಮಕ್ಕಳು ಹೇಗಿದ್ದಾರೆ, ಆಮೇಲೆ ಮಂಡಿನೋವು ಕಡಿಮೆ ಆಯ್ತಾ. ಕಂಬಳಿಯ ಮಾತು ಕೊನೆಗೆ. ಎದುರಿನ ಅಂಗಡಿಯ ಕಂಬಳಿ ಒಳ್ಳೆಯದಿದ್ದರೂ ಜನ ತನ್ನ ಅಂಗಡಿಗೇ ಯಾಕೆ ಬರುತ್ತಾರೆ ಎಂಬುದು ವ್ಯಾಪಾರಿಗೆ ಚೆನ್ನಾಗಿ ಗೊತ್ತಿತ್ತು. ಅವಳಿಗೆ ಮಾತ್ರ ಒಂದು ದಿನವೂ ಹೇಳಿರಲಿಲ್ಲ. ಹೇಳಿದರೆ ತಲೆಗೇರುತ್ತದೆ ಎಂದು.

ಉಳಿದ ನಾಲ್ವರು ಆಗಲೇ ನಿಂತಿದ್ದರು. ಒಬ್ಬ ಮುದಿ ವಕೀಲ, ಒಬ್ಬ ಟೀಚರಮ್ಮ, ಅರಿಶಿನದ ಬಣ್ಣ ಇನ್ನೂ ಆರದ ಗಂಡು ಹೆಣ್ಣು ಇಬ್ಬರು. ಕೊಡೆಯವನು ಆರೂ ಜನರ ಮುಖ ನೋಡಿ ಹೇಳಿದ: "ಒಳಗೆ ಹೋದ ಮೇಲೆ ಪ್ರಶ್ನೆ ಕೇಳೋ ಹಾಗಿಲ್ಲ. ಕೇಳಿದವರು ಅಲ್ಲೇ ಕೂರಬೇಕಾಗುತ್ತೆ."

"ಕೂರಿಸೋನು ಯಾರಯ್ಯಾ? ನೀನಾ?" ವಕೀಲ ನಕ್ಕ.

"ಇಲ್ಲಿ ಎಷ್ಟು ಬೇಕಾದರೂ ಕೇಳಿ ಸಾರ್. ಇದು ಇನ್ನೂ ಹೊರಗೆ."

"ನಲವತ್ತು ವರ್ಷ ಕೇಳಿಯೇ ಅನ್ನ ತಿಂದವನಪ್ಪ ನಾನು. ಆಗಲಿ, ಅರ್ಧ ದಿನ ಉಪವಾಸ ಮಾಡೋಣ."

ಎಲ್ಲರೂ ನಕ್ಕರು. ಚಪ್ಪಲಿ ಬಿಡಿ, ಫೋಟೋ ತೆಗೀಬೇಡಿ ಎನ್ನುವಂಥ ಮಾತು ಇದೂ ಒಂದು ಎಂದುಕೊಂಡರು. ಬಾಗಿಲು ತೆರೆಯಿತು, ಮುಚ್ಚಿತು. ವ್ಯಾಪಾರಿ ಹಿಂತಿರುಗಿ ನೋಡಿದ. ಬಾಗಿಲಿಗೆ ಒಳಗಡೆಯಿಂದ ಚಿಲಕವೂ ಇರಲಿಲ್ಲ, ಹಿಡಿಯೂ ಇರಲಿಲ್ಲ. ಕೈಗೆ ಸಿಗುವಂಥದ್ದೇನೂ ಇಲ್ಲದ ನುಣ್ಣನೆಯ ಮರ.

ಮೊದಲನೆಯ ಜಾಗ ಒಂದು ಗೋಡೆ. ಗೋಡೆಯ ಮೈತುಂಬ ತೂತು. ಅದರ ಬುಡದಲ್ಲಿ ಕುರ್ಚಿ, ಕುರ್ಚಿಯಲ್ಲಿ ಒಬ್ಬ ಗಂಡಸು. ಅವನು ಉಸಿರಾಡುತ್ತಿದ್ದ. ಅದನ್ನು ಬಿಟ್ಟರೆ ಅವನ ಮೈಯಲ್ಲಿ ಬೇರೆ ಚಲನೆ ಇರಲಿಲ್ಲ.

ಕೊಡೆಯವನು ಕೊಡೆ ಇಳಿಸಿ ಹೇಳಿದ: "ಇದು ಜಾಗ. ಇದು ಕುರ್ಚಿ. ಇವರು ಕೂತವರು. ನೋಡಿ, ಕೇಳಬೇಡಿ." ಆಮೇಲೆ ಧ್ವನಿ ತಗ್ಗಿಸಿದ. "ಈ ಗೋಡೆಗೆ ಹದಿನೇಳು ಜನರನ್ನು ಒರಗಿಸಿ ನಿಲ್ಲಿಸಿದರು. ಹದಿನೇಳು ಗುಂಡು ಹಾರಿದವು. ಹದಿನೇಳೂ ಜನ ಬಿದ್ದರು. ಆಮೇಲೆ ಹದಿನೆಂಟನೆಯ ಗುಂಡು ಹಾರಿತು."

ಅಷ್ಟು ಹೇಳಿ ಸುಮ್ಮನಾದ. ಕೊಡೆ ಎತ್ತಿದ. ಆದರೆ ನಡೆಯಲಿಲ್ಲ, ಕಾಯುತ್ತ ನಿಂತ.

ವ್ಯಾಪಾರಿಗೆ ಥಟ್ಟನೆ ಹೊಳೆಯಿತು. ಇದು ತನ್ನದೇ ಕಸುಬಿನ ಪಟ್ಟು. ಕಂಬಳಿಯನ್ನು ಗಿರಾಕಿಯ ಮುಂದೆ ಪೂರ್ತಿ ಬಿಡಿಸಬಾರದು. ಅರ್ಧ ಬಿಡಿಸಿ, ಅಂಚಿನ ಹೂವು ಕಂಡೂ ಕಾಣದ ಹಾಗೆ ಕೈ ತಡೆದು, ಬೇರೆಲ್ಲೋ ನೋಡುತ್ತ ನಿಲ್ಲಬೇಕು. ಗಿರಾಕಿಯೇ ಬಾಯಿ ಬಿಡುತ್ತಾನೆ. ಬಾಯಿ ಬಿಟ್ಟ ಗಿರಾಕಿ ಅರ್ಧ ನಿಮ್ಮವನು. ಈ ಮನುಷ್ಯ ಜಾಗ ತೋರಿಸುತ್ತಿಲ್ಲ, ಬಾಯಿ ಬಿಡಿಸುತ್ತಿದ್ದಾನೆ. ವ್ಯಾಪಾರಿ ಪಕ್ಕಕ್ಕೆ ನೋಡಿದರೆ ಹೆಂಡತಿಯ ತುಟಿ ಆಗಲೇ ಅಲುಗುತ್ತಿದೆ. ಅವಳ ತೋಳಿನ ಮೆತ್ತನೆಯ ಜಾಗ ಹುಡುಕಿ ಬಲವಾಗಿ ಚಿವುಟಿದ. ಅವಳು "ಹಾ" ಎಂದಳು, ಅಷ್ಟೇ.

ಎರಡನೆಯ ಜಾಗ ಒಂದು ಅಂಗಳ. ಕಲ್ಲುಹಾಸಿನ ಮೇಲೆ ಹೆಜ್ಜೆಗಳ ಗುರುತು, ಒಂದರ ಹಿಂದೊಂದು, ನೂರಾರು. ಕೊನೆಯಲ್ಲಿ ಕುರ್ಚಿ. ಅದರಲ್ಲಿ ಗಡ್ಡ ಮಡಿಲಿಗೆ ಬಿದ್ದ ಒಬ್ಬ.

"ಇದು ಜಾಗ. ಇದು ಕುರ್ಚಿ. ಇವರು ಕೂತವರು. ನೋಡಿ, ಕೇಳಬೇಡಿ. ಇಲ್ಲಿ ರೊಟ್ಟಿಗೆ ಸಾಲು ನಿಲ್ಲುತ್ತಿದ್ದರು. ದಿನಾ ರೊಟ್ಟಿ ಮುಗಿಯುತ್ತಿತ್ತು, ಸಾಲು ಉಳಿಯುತ್ತಿತ್ತು. ಒಂದು ದಿನ ಸಾಲು ಮುಗಿಯಿತು, ರೊಟ್ಟಿ ಉಳಿಯಿತು."

ಕೊಡೆ ಮೇಲೆದ್ದಿತು. ವಕೀಲ ಗಂಟಲು ಸರಿಮಾಡಿಕೊಂಡ. ನಲವತ್ತು ವರ್ಷದ ಚಟ ಅಲ್ಲವೇ, ನಾಲಿಗೆ ಅವನನ್ನು ಕೇಳದೆಯೇ ಹೊರಟಿತು.

"ಇದಕ್ಕೆ ಸಾಕ್ಷಿ ಏನಿದೆ?"

ಗಡ್ಡದವನು ಎದ್ದು ನಿಂತ. ಯಾರೂ ವಕೀಲನನ್ನು ಮುಟ್ಟಲಿಲ್ಲ, ಯಾರೂ ದೂಡಲಿಲ್ಲ. ಅವನ ಕಾಲುಗಳೇ ಅವನನ್ನು ಹೊತ್ತುಕೊಂಡು ಹೋಗಿ ಕೂರಿಸಿದವು. ಬಾಯಿ ತೆರೆದ, ಮುಚ್ಚಿದ, ತೆರೆದ. ಒಂದು ಸೊಲ್ಲೂ ಹೊರಡಲಿಲ್ಲ. ಆಮೇಲೆ ಬಾಯಿಯೂ ನಿಂತಿತು. ಗಡ್ಡದವನು ಬಂದು ಸಾಲಿನ ಕೊನೆಯಲ್ಲಿ ನಿಂತ. ಮತ್ತೆ ಆರು ಜನ.

ಹೊಸ ಹೆಣ್ಣು ಸೆರಗು ಬಾಯಿಗೆ ತುರುಕಿಕೊಂಡು ಅಳತೊಡಗಿದಳು. ಟೀಚರಮ್ಮ ಕೊಡೆಯವನ ಕಡೆ ತಿರುಗಿದಳು. "ವಾಪಸ್ ಹೋಗೋಣ. ನಮ್ಮನ್ನ ಬಿಟ್ಟುಬಿಡಪ್ಪ."

"ಬಂದ ಬಾಗಿಲು ಒಳಗಿನಿಂದ ತೆಗೆಯೋಕೆ ಬರಲ್ಲ ತಾಯೀ. ಐದೂ ಜಾಗ ದಾಟಿದರೆ ಹೊರಗಿನ ಬಾಗಿಲು ಇದೆ. ಸುಮ್ಮನೆ ನಡೆದವರು ಸುಮ್ಮನೆ ಹೊರಗೆ ಹೋಗಿದ್ದಾರೆ. ಅಂಥವರೂ ಇದ್ದಾರೆ."

ವ್ಯಾಪಾರಿಯ ಹೆಂಡತಿ ಗಡ್ಡದವನನ್ನೇ ನೋಡುತ್ತಿದ್ದಳು. ಮಾತನ್ನು ಮನಸ್ಸಿನಲ್ಲಿ ಎರಡು ಸಲ ತಿರುವಿ ನೋಡಿ, ಪ್ರಶ್ನೆಯಲ್ಲ ಎಂದು ಖಾತ್ರಿಯಾದ ಮೇಲೆ ಹೇಳಿದಳು: "ಬಾಯಾರಿರುತ್ತೆ. ಚೆಂಬಲ್ಲಿ ನೀರಿದೆ. ಕುಡಿಯಪ್ಪ." ಅವನು ಕುಡಿದ. ಇಲ್ಲಿ ಕೂತು ಎಷ್ಟು ದಿನವಾಯಿತು, ಇವರೆಲ್ಲ ಯಾರು, ಊರ ಕಡೆ ದಾರಿ ಯಾವುದು ಎಂದೇನೂ ತಿಳಿಯಬೇಕಿಲ್ಲದವನ ಹಾಗೆ ಚೆಂಬು ಹಿಂದೆ ಕೊಟ್ಟ.

"ಕೂತು ಎದ್ದವರು ಆಮೇಲೆ ಯಾವತ್ತೂ ಏನೂ ಕೇಳಲ್ಲ ತಾಯೀ," ಎಂದ ಕೊಡೆಯವನು. "ಕೇಳೋದು ಅನ್ನೋದು ಅವರಲ್ಲಿ ಮುಗಿದಿರುತ್ತೆ. ಉಣ್ತಾರೆ, ನಡೀತಾರೆ, ಕೇಳಿದ್ದಕ್ಕೆ ಹೇಳ್ತಾರೆ. ಅಷ್ಟೇ."

ವ್ಯಾಪಾರಿ ತಾನು ಬಾಯಿ ಕಟ್ಟಬಲ್ಲ. ಇವಳದು ಹೇಗೆ? ಯೋಚಿಸಿ ಹೆಗಲ ಟವೆಲ್ಲು ತೆಗೆದ. ಕುರಿ ಸಂತೆಯಲ್ಲಿ, ಕಂಬಳಿ ಸಂತೆಯಲ್ಲಿ ದಲ್ಲಾಳಿಗಳು ಟವೆಲ್ಲಿನ ಕೆಳಗೆ ಕೈ ಕೊಟ್ಟು ಬೆರಳು ಹಿಡಿದು ರೇಟು ಕುದುರಿಸುತ್ತಾರೆ, ಪಕ್ಕದಲ್ಲಿ ನಿಂತವನಿಗೂ ಗುಟ್ಟು ಬಿಟ್ಟುಕೊಡುವುದಿಲ್ಲ. ಅವನು ಅವಳ ಕೈ ಹಿಡಿದು ಮೇಲೆ ಟವೆಲ್ಲು ಸುತ್ತಿದ.

"ಇನ್ನು ನಿನಗೆ ಬಾಯಿ ಬೇಡ. ಏನಿದ್ದರೂ ಬೆರಳಲ್ಲಿ ಹೇಳು. ಒಂದು ಬೆರಳು ಒತ್ತಿದರೆ ಹೂಂ. ಎರಡು ಒತ್ತಿದರೆ ಊಹೂಂ. ಕೈ ಬಿಡಬೇಡ."

ಅವಳು ಒಂದು ಬೆರಳು ಒತ್ತಿದಳು. ಮದುವೆಯಾಗಿ ಮೂವತ್ತು ವರ್ಷಕ್ಕೆ ಇಬ್ಬರೂ ಹೀಗೆ ಕೈ ಹಿಡಿದು ನಡೆದದ್ದು ಅದೇ ಮೊದಲು.

ಉಪಾಯವೇನೋ ಸರಿಯಾಗಿಯೇ ಇತ್ತು. ಆದರೆ ಮೂರನೆಯ ಜಾಗ ನೆಲಮಾಳಿಗೆ. ಅಲ್ಲಿಗೆ ಇಳಿಯುವ ಮೆಟ್ಟಿಲು ಒಬ್ಬರ ಮೈಯಷ್ಟೇ ಅಗಲ. ಚಾವಣಿ ತಗ್ಗು, ಕಲ್ಲು ಪಾಚಿಗಟ್ಟಿ ಜಾರುತ್ತಿತ್ತು, ಎರಡೂ ಕೈಯಲ್ಲಿ ಗೋಡೆ ಹಿಡಿಯದೆ ಇಳಿಯುವಂತಿರಲಿಲ್ಲ. ಟವೆಲ್ಲು ಬಿಚ್ಚಬೇಕಾಯಿತು. ಕಾಲು ನೋವಿನವಳು ಬಿದ್ದರೆ ಹಿಂದಿನಿಂದ ಹಿಡಿಯಬಹುದು ಎಂದು ಅವಳನ್ನು ಮುಂದೆ ಬಿಟ್ಟ. ಅವನ ತಲೆ ಚಾವಣಿಗೆ ಬಡಿಯಿತು. ತಲೆ ಉಜ್ಜಿಕೊಳ್ಳುತ್ತ ಒಂದು ಮೆಟ್ಟಿಲು ತಡೆದ. ಅಷ್ಟರಲ್ಲಿ ಅವಳು ಕೆಳಗಿದ್ದಳು.

ಕೆಳಗೆ ಗೋಡೆಯ ಗೂಡಿನಲ್ಲಿ ಒಂದು ಚಿಮಣಿ ದೀಪ. ದೀಪದ ಹತ್ತಿರ ಕುರ್ಚಿ. ಕುರ್ಚಿಯಲ್ಲಿ ಒಬ್ಬ ಮುದುಕಿ, ಮೂಳೆಗೆ ಸೀರೆ ಉಡಿಸಿದ ಹಾಗೆ. ಮಡಿಲಲ್ಲಿ ಖಾಲಿ ತಟ್ಟೆ. ಕೊಡೆಯವನು ಎಲ್ಲರ ಹಿಂದೆ ಇನ್ನೂ ಮೆಟ್ಟಿಲ ಮೇಲಿದ್ದ, ಕಥೆ ಶುರುವೇ ಆಗಿರಲಿಲ್ಲ. ಶುರುವಾಗುವುದು ಬೇಕೂ ಆಗಲಿಲ್ಲ.

"ಅಯ್ಯೋ, ಊಟ ಆಯ್ತೇನಮ್ಮಾ?"

ವ್ಯಾಪಾರಿ ಮೇಲಿನಿಂದ ಕೇಳಿಸಿಕೊಂಡ. ಮನೆಯ ಜಗಲಿಯಲ್ಲಿ ದಿನಕ್ಕೆ ಇಪ್ಪತ್ತು ಸಲ ಕೇಳುವ ಧ್ವನಿ. ಉಳಿದ ಮೆಟ್ಟಿಲುಗಳನ್ನು ಜಾರಿಕೊಂಡೇ ಇಳಿದ. ಮುದುಕಿ ಎದ್ದಾಗಿತ್ತು. ಹೆಂಡತಿ ಕೂತಾಗಿತ್ತು. ತಟ್ಟೆ ಅವಳ ಮಡಿಲಲ್ಲಿತ್ತು.

ಅವನು ಅವಳ ತೋಳು ಹಿಡಿದು ಎಳೆದ. ಸೊಂಟಕ್ಕೆ ಕೈಹಾಕಿ ಎತ್ತಿ ನೋಡಿದ. ಆಳೆತ್ತರದ ಕಂಬಳಿ ಮೂಟೆಯನ್ನು ಒಬ್ಬನೇ ಬೆನ್ನಿಗೇರಿಸಿಕೊಂಡ ಮೈ ಅದು. ಅವಳು ನೆಲದಲ್ಲಿ ಬೇರು ಬಿಟ್ಟ ಬಂಡೆಯಾಗಿದ್ದಳು. ಕುರ್ಚಿಯ ಕಾಲನ್ನು ಒದ್ದ, ಬೆರಳು ಒಡೆದು ರಕ್ತ ಬಂತು.

"ಬೇರೆ ಏನಾದರೂ ಹೇಳಯ್ಯಾ, ಕೊಡ್ತೀನಿ. ಮೂಟೆ ಮೂಟೆ ಕಂಬಳಿ ಇದೆ, ಎಲ್ಲ ನಿನ್ನದು."

"ಕುರ್ಚಿಗೆ ಕಂಬಳಿ ಬೇಡ ಯಜಮಾನರೇ. ಕೂರೋರು ಬೇಕು." ಕೊಡೆಯವನ ಧ್ವನಿಯಲ್ಲಿ ಗೆಲುವೂ ಇರಲಿಲ್ಲ, ಮರುಕವೂ ಇರಲಿಲ್ಲ. "ಈಗಲೇ ಇಲ್ಲೇ ಇನ್ನೊಬ್ಬರು ಕೇಳಿದರೆ ಅಮ್ಮ ಎದ್ದು ಬಿಡ್ತಾರೆ. ಎಷ್ಟೋ ಗಂಡಂದಿರು ಕೇಳಿದ್ದಾರೆ. ಒಂದು ಮಾತು ಸಾಕು."

ಎಲ್ಲರೂ ವ್ಯಾಪಾರಿಯ ಕಡೆ ನೋಡಿದರು. ಅವನು ಬಾಯಿ ತೆರೆದ. ಏನು ಕೇಳಿದರೂ ನಡೆಯುತ್ತಿತ್ತು. ಎಷ್ಟು ಹೊತ್ತಾಯಿತು ಎಂದರೂ ಸಾಕಿತ್ತು. ಹೆಂಡತಿಯ ಕಣ್ಣು ಅವನ ಮೇಲಿತ್ತು. ಆಗ ಅವನ ತಲೆ ಎಂದಿನಂತೆ ಕೆಲಸ ಮಾಡಿತು: ನಾನು ಕೂತರೆ ಎದ್ದ ಮೇಲೂ ಇವಳು ಇವಳಾಗಿರುವುದಿಲ್ಲ, ಇಬ್ಬರೂ ಹೋದಂತೆ. ನಾನು ಹೊರಗಿದ್ದರೆ ಏನಾದರೂ ದಾರಿ ಮಾಡಬಹುದು. ಲೆಕ್ಕ ಸರಿಯಾಗಿತ್ತು. ಆದರೆ ಲೆಕ್ಕ ಮಾಡಿದ್ದು ಬುದ್ಧಿಯಲ್ಲ, ಹೆದರಿಕೆ. ಅದು ಅವನಿಗೂ ಗೊತ್ತಾಯಿತು, ಅವಳಿಗೂ ಗೊತ್ತಾಯಿತು. ಅವನು ಬಾಯಿ ಮುಚ್ಚಿದ. ಅವಳು ಕಣ್ಣು ಇಳಿಸಿ ತಟ್ಟೆ ನೋಡತೊಡಗಿದಳು.

ನಾಲ್ಕನೆಯ ಜಾಗ ಮುರಿದ ಸೇತುವೆ. ಅಲ್ಲಿ ಕೊಡೆಯವನು ಏನು ಹೇಳಿದನೋ ಯಾರ ಕಿವಿಗೂ ಬೀಳಲಿಲ್ಲ. ತಲೆ ತಗ್ಗಿಸಿ ದಾಟಿದರು. ವ್ಯಾಪಾರಿಯ ಪಕ್ಕದಲ್ಲಿ ಈಗ ಮುದುಕಿ ನಡೆಯುತ್ತಿದ್ದಳು.

ಐದನೆಯ ಜಾಗ ಒಂದು ಹಜಾರ. ನಡುವೆ ಉದ್ದನೆಯ ಮೇಜು, ಮೇಜಿನ ಈಚೆ ಕುರ್ಚಿ. ಹಜಾರದ ಆಚೆ ತುದಿಯಲ್ಲಿ ತೆರೆದ ಬಾಗಿಲು, ಬಾಗಿಲಾಚೆ ಬಿಸಿಲು, ರಸ್ತೆ, ಎತ್ತಿನ ಗಾಡಿ. ಕುರ್ಚಿಯಲ್ಲಿ ಕೂತವನ ಮೂಗು, ಹುಬ್ಬು, ಗದ್ದ ಎಲ್ಲ ಕೊಡೆಯವನದೇ ಅಚ್ಚು, ನಾಲ್ಕೈದು ವರ್ಷ ಚಿಕ್ಕದು.

"ಇದು ಜಾಗ," ಎಂದ ಕೊಡೆಯವನು. "ಇದು ಕುರ್ಚಿ. ಇವರು... ಕೂತವರು. ನೋಡಿ, ಕೇಳಬೇಡಿ. ಸೈನ್ಯದ ಅಧಿಕಾರಿ ಮೇಜಿನ ಆಚೆ ಕೂರುತ್ತಿದ್ದ. ಊರಿನ ಎಲ್ಲರನ್ನೂ ಅವನು ಕೇಳಿದ್ದು ಒಂದೇ ಪ್ರಶ್ನೆ."

ಕೊಡೆ ಎದ್ದಿತು. ಯಾರೂ ತುಟಿ ಬಿಚ್ಚಲಿಲ್ಲ. ಆ ಪ್ರಶ್ನೆ ಯಾವುದೆಂದು ತಿಳಿಯುವ ಆಸೆ ಈಗ ಯಾರಿಗೂ ಉಳಿದಿರಲಿಲ್ಲ. ಆದರೆ ಹೊಸ ಹೆಣ್ಣು ಅಳುತ್ತ ಅಲ್ಲೇ ಕುಸಿದಳು. ಟೀಚರಮ್ಮ ಬಗ್ಗಿ ಅವಳ ಗಲ್ಲ ಹಿಡಿದಳು.

"ಅಳಬೇಡ ಮಗಳೇ. ಬಾಗಿಲು ಕಾಣ್ತಿದೆ ನೋಡು. ಇಪ್ಪತ್ತು ಹೆಜ್ಜೆ. ಬಾಯಿ ಮುಚ್ಚಿಕೊಂಡು ನಡೆದರೆ ಸಾಕು, ಯಾರೂ ನಮ್ಮನ್ನ ಏನೂ ಮಾಡಲ್ಲ. ಅರ್ಥ ಆಯ್ತಾ?"

ಹೇಳಿದ ಮೇಲೆ ತಾನು ಏನು ಹೇಳಿದೆ ಎಂದು ಅವಳಿಗೆ ತಿಳಿಯಿತು. ಮೂವತ್ತು ವರ್ಷ ಪ್ರತಿ ಪಾಠದ ಕೊನೆಗೆ ಬರುತ್ತಿದ್ದ ಮಾತು. ಕೈಚೀಲ ಎದೆಗೆ ಅವಚಿಕೊಂಡು ನಡೆದುಹೋಗಿ ಕೂತಳು.

ಕೊಡೆಯವನು ಕೊಡೆ ಬಿಸಾಡಿ ಎದ್ದುಬಂದವನನ್ನು ತಬ್ಬಿಕೊಂಡ. ನಗುತ್ತಿದ್ದನೋ ಅಳುತ್ತಿದ್ದನೋ ಹೇಳುವುದು ಕಷ್ಟ. "ತಮ್ಮಾ! ಒಂಬತ್ತು ವರ್ಷ ಕಣೋ! ದಿನಾ ಆರು ಜನರನ್ನ ತಂದೆ ನಿನಗೋಸ್ಕರ!"

ತಮ್ಮ ತಲೆಯಾಡಿಸಿದ.

"ಅಮ್ಮ ಹೋಗಿಬಿಟ್ಟಳು ಕಣೋ. ನಾಲ್ಕು ವರ್ಷ ಆಯ್ತು."

ತಮ್ಮ ತಲೆಯಾಡಿಸಿದ. ಹೇಗೆ ಹೋದಳು, ಕೊನೆಗೆ ಏನಂದಳು, ನನ್ನ ನೆನೆಸಿದಳೇ ಎಂಬ ಮಾತಿಗೆ ಕೊಡೆಯವನು ಕಾದ. ತಮ್ಮ ಬಾಗಿಲಾಚೆಯ ಎತ್ತಿನ ಗಾಡಿ ನೋಡುತ್ತಿದ್ದ.

ಹೊರಗೆ ಬಂದ ಮೇಲೆ ಹೊಸ ಜೋಡಿ ಹಿಂತಿರುಗಿ ನೋಡದೆ ಓಡಿತು. ಗಡ್ಡದವನು ಒಂದು ದಿಕ್ಕಿಗೆ, ಮುದುಕಿ ಇನ್ನೊಂದು ದಿಕ್ಕಿಗೆ ನಡೆದರು. ವ್ಯಾಪಾರಿ ಮಾತ್ರ ನಿಂತ. ಈಗ ಕೇಳಬಹುದಾಗಿತ್ತು.

"ಮೂರನೇ ಜಾಗದಲ್ಲಿ ಇನ್ಯಾರಾದರೂ ಕೇಳಿದರೆ ನನ್ನವಳು ಎದ್ದು ಬರ್ತಾಳಾ?"

"ಬರ್ತಾರೆ."

"ಬಂದ ಮೇಲೆ ಇವನ ಹಾಗೇನಾ?"

ಇಬ್ಬರೂ ಕಲ್ಲಿನ ಮೇಲೆ ಕೂತ ತಮ್ಮನನ್ನು ನೋಡಿದರು.

"ಇವನ ಹಾಗೇ," ಎಂದ ಕೊಡೆಯವನು. ಕೊಡೆಯನ್ನು ಮಡಚಿ ವ್ಯಾಪಾರಿಯ ಮುಂದೆ ಚಾಚಿದ. "ನನಗೆ ಒಂಬತ್ತು ವರ್ಷ ಹಿಡಿಯಿತು. ನೀವು ಕಸುಬು ಬಲ್ಲವರು, ಬೇಗ ಆಗಬಹುದು. ಕೊಡೆ ಹಿಡಿದವರಿಗೆ ಒಳಗೆ ಹೋಗೋ ಬಾಗಿಲು ತೆರೆಯುತ್ತೆ. ನಿಯಮ ಮಾತ್ರ ನಿಮಗೂ ಅದೇ."

ಬಸ್ಸು ಬಂದು ಹಾರ್ನ್ ಹೊಡೆಯಿತು. ಕಂಡಕ್ಟರು ಮೂಟೆ ಯಾರದ್ದೆಂದು ಎರಡು ಸಲ ಕೂಗಿದ. ವ್ಯಾಪಾರಿ ಕೊಡೆ ತೆಗೆದುಕೊಂಡ.

ಮರುದಿನ ಬಿಸಿಲೇರುವ ಹೊತ್ತಿಗೆ ಆರು ಜನ ಸೇರಿದರು. ಅವರಲ್ಲೊಬ್ಬಳು ಏಳು ತಿಂಗಳ ಬಸುರಿ, ತಂದೆಯ ಜೊತೆ ಬಂದಿದ್ದಳು. ಬಾಗಿಲಲ್ಲಿ ನಿಂತಾಗಲೇ ಹತ್ತು ಪ್ರಶ್ನೆ ಕೇಳಿದ್ದಳು. ವ್ಯಾಪಾರಿಯ ಕಣ್ಣು ಅವಳ ಮೇಲೆ ನಿಂತಿತು. ತನ್ನ ಕಣ್ಣು ಎಲ್ಲಿ ನಿಂತಿದೆ ಎಂದು ಅವನಿಗೇ ತಿಳಿಯಿತು. ಆದರೂ ಕಣ್ಣು ತೆಗೆಯಲಿಲ್ಲ.

ಗೋಡೆಯ ಮುಂದೆ ಅವನು ಪೂರ್ತಿ ಕಥೆ ಹೇಳಿದ, ಯಾರಿಗೂ ಕೇಳಲು ಏನೂ ಉಳಿಸಲಿಲ್ಲ. ಕಥೆ ಅವನೇ ಕಟ್ಟಿದ್ದು. ಅಂಗಳದಲ್ಲೂ ಹಾಗೆಯೇ. ನೆಲಮಾಳಿಗೆ ಮುಟ್ಟುವ ಮೊದಲೇ ಯಾರಾದರೂ ಕೂತರೆ ಗಿರಾಕಿ ಹೆದರಿ ಬಾಯಿ ಕಟ್ಟುತ್ತಾನೆ. ನೆಲಮಾಳಿಗೆಗೆ ಬಸುರಿಯನ್ನು ತಾನೇ ಮುಂದೆ ನಿಂತು ಜೋಪಾನವಾಗಿ ಇಳಿಸಿದ. ಚಿಮಣಿ ದೀಪದ ಪಕ್ಕದಲ್ಲಿ ಹೆಂಡತಿ ಕೂತಿದ್ದಳು. ಒಂದೇ ದಿನಕ್ಕೆ ಅವಳ ಕೆನ್ನೆ ಒಳಗೆ ಹೋಗಿತ್ತು.

ಅವನು ಹೇಳಿದ: "ಇಲ್ಲಿ ಒಬ್ಬ ತಾಯಿ, ನಾಲ್ಕು ಮಕ್ಕಳು ಅಡಗಿದ್ದರು. ಉಳಿದಿದ್ದದ್ದು ಒಂದೇ ರೊಟ್ಟಿ. ತಾಯಿ ಮಕ್ಕಳನ್ನು ಸಾಲಾಗಿ ಕೂರಿಸಿದಳು. ಒಬ್ಬೊಬ್ಬರ ಮುಖ ನೋಡಿದಳು. ಆಮೇಲೆ ಒಂದು ಮಗುವಿನ ಕೈ ಹಿಡಿದು ಎಬ್ಬಿಸಿದಳು."

ನಿಲ್ಲಿಸಿದ. ಇಂಥ ಜಾಗದಲ್ಲಿ ನಿಲ್ಲಿಸುವುದು ಎಲ್ಲರಿಗೂ ಬರುವುದಿಲ್ಲ. ಬಸುರಿಯ ಒಂದು ಕೈ ಹೊಟ್ಟೆಯ ಮೇಲೆ ಹೋಯಿತು. ತುಟಿ ಬೇರೆಯಾಯಿತು. ಉಸಿರು ಎಳೆದುಕೊಂಡಳು. ವ್ಯಾಪಾರಿ ಮನಸ್ಸಿನಲ್ಲೇ ಹೇಳುತ್ತಿದ್ದ: ಕೇಳು, ಕೇಳು, ಕೇಳು.

ಕುರ್ಚಿಯಲ್ಲಿ ಏನೋ ಅಲುಗಿತು. ಕೂತವರು ಅಲುಗುವುದಿಲ್ಲ, ಅದು ಯಾವತ್ತೂ ಆದದ್ದಿಲ್ಲ. ಹೆಂಡತಿಯ ಬಲಗೈ ಮಡಿಲಿಂದ ಮೇಲೇಳುತ್ತಿತ್ತು, ಬಾವಿಯ ತಳದಿಂದ ತುಂಬಿದ ಕೊಡ ಏರುವಷ್ಟು ನಿಧಾನ, ಅಷ್ಟು ಭಾರ. ಮೊಣಕೈಯ ನರ ಉಬ್ಬಿತ್ತು. ಅಂಗೈ ಬಂದು ಅವಳ ಬಾಯಿಯನ್ನು ಮುಚ್ಚಿತು. ಬಸುರಿಯ ಕಣ್ಣಲ್ಲಿ ಕಣ್ಣಿಟ್ಟು ಹಾಗೇ ಕೂತಳು. ಬಸುರಿ ಯಾಕೆಂದು ತಿಳಿಯದೆಯೇ ತನ್ನ ಅಂಗೈ ಎತ್ತಿ ತನ್ನ ಬಾಯಿ ಮುಚ್ಚಿಕೊಂಡಳು. ಅವಳ ತಂದೆಯೂ ಮುಚ್ಚಿಕೊಂಡ. ಉಳಿದವರೂ ಮುಚ್ಚಿಕೊಂಡರು. ಆರೂ ಜನ ಬಾಯಿ ಮುಚ್ಚಿಕೊಂಡು ಒಬ್ಬರ ಹಿಂದೊಬ್ಬರು ಮೆಟ್ಟಿಲು ಹತ್ತಿದರು.

ಕೆಳಗೆ ಇಬ್ಬರೇ ಉಳಿದರು. ವ್ಯಾಪಾರಿ ಹೆಂಡತಿಯ ಮುಂದೆ ನಿಂತ. ಈಗಲೂ ಅವನ ಒಂದು ಮಾತು ಸಾಕಿತ್ತು. ಅವಳು ಮುಖವನ್ನು ಅವನ ಕಡೆ ತಿರುಗಿಸಿದಳು. ಅಂಗೈ ಬಾಯಿಯ ಮೇಲೇ ಇತ್ತು, ತೆಗೆಯಲಿಲ್ಲ. ಬೇಡ ಎನ್ನುತ್ತಿದ್ದಾಳೋ, ನಿನ್ನಿಂದ ಆಗದು ಎನ್ನುತ್ತಿದ್ದಾಳೋ ಅವನಿಗೆ ತಿಳಿಯಲಿಲ್ಲ. ತಿಳಿಯಬೇಕಿದ್ದರೆ ಕೇಳಬೇಕಿತ್ತು.

ಮೇಲೆ ಆರು ಜನ ಕಾಯುತ್ತಿದ್ದರು. ಅವನು ಕೊಡೆ ಎತ್ತಿಕೊಂಡು, ಅವಳಿಗೆ ಬೆನ್ನು ತಿರುಗಿಸಲು ಧೈರ್ಯ ಸಾಲದೆ, ಒಂದೊಂದೇ ಮೆಟ್ಟಿಲು ಹಿಂದಕ್ಕೆ ಹತ್ತತೊಡಗಿದ.